ಹುಲಗಮ್ಮ ಎದ್ದು ಹೋದ ತುಂಡು

ಇಟಗಿಯ ಮಹಾದೇವ ಗುಡಿಯ ಕುರಿತು ಸುನಿತಾ ಮಾಡುತ್ತಿದ್ದ ಕಿರುಚಿತ್ರ ಮರುದಿನ ಬೆಳಿಗ್ಗೆ ಸ್ಪರ್ಧೆಗೆ ಹೋಗಬೇಕಿತ್ತು, ಆದರೆ ಅದು ಕೂಡಿಬರುತ್ತಿರಲಿಲ್ಲ. ಎಂ.ಎ. ಮುಗಿಸಿ, ಸಿಕ್ಕ ನೌಕರಿ ಬಿಟ್ಟು ಎಡಿಟಿಂಗ್ ಕಲಿತವಳನ್ನು ಕುಷ್ಟಗಿಯ ಜನ ಮದುವೆ ವಿಡಿಯೋಕ್ಕಷ್ಟೇ ಕರೆಯುತ್ತಿದ್ದರು. ಇದೊಂದು ಗೆದ್ದರೆ ಆ ಬದುಕಿನಿಂದ ಹೊರಬೀಳಬಹುದಿತ್ತು. ಆದರೆ ಗುಡಿಯ ಉದ್ದನೆಯ ಮೌನ ದೃಶ್ಯವನ್ನು ಎಲ್ಲಿ ಕತ್ತರಿಸಿದರೂ ತಪ್ಪೆನಿಸುತ್ತಿತ್ತು. ಕೊನೆಗೆ ಬೇಸತ್ತು, ಕ್ಯಾಮೆರಾ ಹಿಡಿಯುವ ಕೊಟ್ರೇಶನನ್ನು ಕರೆದುಕೊಂಡು ಯಲಬುರ್ಗಾಕ್ಕೆ, ಮಕ್ಬುಲಸಾಬರ ಮನೆಗೆ ಬಂದಿದ್ದಳು. ಒಂದು ಕಾಲಕ್ಕೆ ಅವರು ಇಟಲಿಯ ಸಂಕಲನಕಾರನೊಬ್ಬನ ಕೈಕೆಳಗೆ ದುಡಿದವರು. ಆತನ ಕಸುಬಿನ ಬಗ್ಗೆ ನಾಲ್ಕು ಮಾತು ಸಿಕ್ಕರೆ ಚಿತ್ರಕ್ಕೊಂದು ದಾರಿ ಸಿಕ್ಕೀತು ಎಂಬ ಆಸೆ.

ಇಬ್ಬರೂ ಬಸ್ಸಿಳಿಯುವಷ್ಟರಲ್ಲಿ ಮಳೆ ಹಿಡಿಯಿತು. ಎರೆಮಣ್ಣು ಚಪ್ಪಲಿಗೆ ಮೆತ್ತಿಕೊಂಡಿತು. ಪಡಸಾಲೆಯಲ್ಲಿ ಕೂತ ಕೂಡಲೇ ಕರೆಂಟು ಹೋಯಿತು. ಮೊಮ್ಮಗಳು ಅಂಜುಮ ಕಂದೀಲು ತಂದಿಟ್ಟು ತಾನೂ ಕೂತಳು. ಕೊಟ್ರೇಶ ಕ್ಯಾಮೆರಾ ಚಾಲೂ ಮಾಡಿದ.

"ಅಜ್ಜಾರ, ಆ ಇಟಲಿಯವರು ಹೆಂಗ ಕೆಲಸ ಮಾಡ್ತಿದ್ರು, ಅಷ್ಟ ಹೇಳ್ರಿ ಸಾಕು," ಎಂದಳು ಸುನಿತಾ.

"ಬಂದ ಕೂಡ್ಲೇ ಕತ್ತರಿ ಹಿಡದೀಯಲ್ಲವ್ವ," ಎಂದರು ಮಕ್ಬುಲಸಾಬರು. ಅಂಜುಮ ನಕ್ಕಳು.

"ಎತ್ತೋರೆ ಅಂತ ಅವನ ಹೆಸರು. ನಮ್ಮ ಮಂದಿ ನಾಲಿಗಿಗೆ ಹೊರಳಲಿಲ್ಲ, ಹತ್ತೂರಪ್ಪ ಅಂದ್ರು... ಅದಕ್ಕೂ ಓ ಅಂತಿದ್ದ. ಇಟಗಿ ಗುಡಿ ಮ್ಯಾಲ ಪಿಚ್ಚರ್ ತಗ್ಯಾಕ ಬಂದ ಮಂದಿ ಜೋಡಿ ಬಂದಾಂವ. ಗಂಗಾವತಿಯಾಗ ಒಂದು ಭತ್ತದ ಗೋದಾಮು ಹಿಡದಿದ್ರು, ಮದ್ರಾಸಿನಾಗ ತೊಳದು ಬಂದ ರೀಲು ಅಲ್ಲೇ ಕತ್ತರಿಸಿ ಕೂಡಸ್ತಿದ್ದ. ನಾ ಟಾಕೀಸಿನಾಗ ರೀಲು ಓಡಸಾಂವ, ಅದಕ್ಕ ನನ್ನ ಕರದ್ರು. ಸಣ್ಣಾಂವಿದ್ದಾಗ ರೋಮಿನಾಗ ಕತ್ತರಿಸಿದ ತುಂಡು ಕಸಾ ಹೊಡಕೋತ ಕಸುಬು ಕಲತಿದ್ನಂತ... ಬಿಳಿ ಗವಸು ಹಾಕ್ಕೊಂಡು ರೀಲಿನ ಅಂಚು ಹಿಂಗ ಸವರಿದ್ನಂದ್ರ ಎಲ್ಲಿ ಕತ್ತರಿಸಬೇಕು ಅನ್ನೂದು ಬೆರಳಿಗೆ ತಿಳೀತಿತ್ತು. ಬ್ಯಾಡಾದ ತುಂಡು ಕೆಳಗ ಅರಿವಿ ಚೀಲಕ್ಕ ಬೀಳ್ತಿದ್ವು. ನನಗ ಅವ ಹೇಳಿದ್ದು ಒಂದ ಮಾತು... ಬಾಗಲಾ ತೆಗಿಯೂದು, ಒಳಗ ಬರೂದು, ಎದ್ದು ಹೋಗೂದು, ಇವಕ್ಕ ಯಾರೂ ಟಿಕೀಟು ತಗೊಳ್ಳೂದಿಲ್ಲ, ತಗದು ಹಾಕು."

ಸುನಿತಾ ಮುಂದಕ್ಕೆ ಬಾಗಿದಳು. ಇಂಥ ಮಾತೇ ಬೇಕಿತ್ತು. ಆದರೆ ಅಜ್ಜ ಅಲ್ಲಿಗೆ ನಿಲ್ಲಿಸಲಿಲ್ಲ.

"ಗುಡಿ ಅಂಗಳಾ ಕಸಾ ಹೊಡಿಯೂ ಹುಲಗಮ್ಮ ಅಂತಿದ್ಲು. ಕಂಬದ ಬುಡಕ ಕುಂದ್ರಿಸಿ ಆಕೀನ್ನ ಕ್ಯಾಮೆರಾದಾಗ ತಗದ್ರು. ಸುಮ್ಮನ ಕೂತ್ಲು... ಆಮ್ಯಾಲ ಎದ್ದು, ಸೆರಗು ಝಾಡಿಸಿ, ಆ ಕ್ಯಾಮೆರಾಕ್ಕ ಕೈ ಮುಗದು, 'ಹೋಗಿ ಬರ್ತೀನಪ್ಪಾ' ಅಂತ ಹೇಳಿ ಹೋದ್ಲು. ಹತ್ತೂರಪ್ಪ ಕೂತದ್ದು ಇಟ್ಟ, ಎದ್ದು ಹೋದದ್ದು ಕತ್ತರಿಸಿದ. ಅದ ವಾರದಾಗ ಆಕಿ ಜ್ವರಾ ಬಂದು ತೀರಿಕೊಂಡ್ಲು.

"ಮುಂದಿನ ರೀಲಿನಾಗ... ಬರೇ ಗ್ವಾಡಿ ತಗದ ರೀಲು ಅದು... ಅಂಚಿನಾಗ ಆಕಿ ಕೂತಿದ್ಲು. ಇವ ಆ ತುಂಡು ಕತ್ತರಿಸಿ ಒಗದ. ಮರುದಿನ ಗುಡಿ ಹೊಂಡದ ರೀಲಿನಾಗ ಕೂತಿದ್ಲು, ಅದನ್ನೂ ಕತ್ತರಿಸಿದ. ಕತ್ತರಿಸಿದಂಗೆಲ್ಲಾ ಇನ್ನೊಂದ್ರಾಗ... ಊಟಾ ಬಿಟ್ಟ, ನನ್ನ ಮ್ಯಾಲ ಒದರಾಕ ಹತ್ತಿದ, ಗವಸು ಕಿತ್ತು ನೆಲಕ್ಕ ಒಗದ. ಜೀವಮಾನದ ಕಸುಬು ಒಬ್ಬ ಮುದುಕಿ ಮುಂದ ನಡೀಲಿಲ್ಲಂದ್ರ ಸಿಟ್ಟು ಬರೂದಿಲ್ಲೇನು?

"ಆಕಿ ಮಗ ಲಕ್ಷ್ಮಣಪ್ಪನ್ನ ಕರಸಿದ್ವಿ. ನೋಡಿ ಅಂದ, 'ನಮ್ಮವ್ವ ಹೇಳಿ ಹೋಗಿದ್ಲರಿ. ಹೇಳಿದ್ದ ನೀವು ತಗದು ಒಗದ್ರಿ. ಹೇಳದ ಎದ್ದು ಹೋಗಾಕಿ ಅಲ್ರಿ ಆಕಿ.' ಚೀಲಾ ಹುಡುಕಿದ್ವಿ... ಖಾಲಿ. ಅಡಿಗಿ ಫಕೀರಮ್ಮ ಒಲಿ ಹೊತ್ತಸಾಕ ಒಯ್ದಿದ್ಲು. ಮದ್ರಾಸಿನಿಂದ ಇನ್ನೊಂದು ಪ್ರಿಂಟ್ ತರಿಸಿದ್ವಿ. ಅದರಾಗ ಆಕಿ ಏಳೂದ ಇಲ್ಲ ತಂಗಿ... ರೀಲು ಮುಗಿಯೂತನಕ ಕೂತಾಳ. ಪಿಚ್ಚರ್ ಅಲ್ಲಿಗೇ ನಿಂತಿತು. ಹತ್ತೂರಪ್ಪ ಊರಿಗೆ ಹೋಗಿ ಮತ್ತ ಕತ್ತರಿ ಹಿಡೀಲಿಲ್ಲಂತ."

ಸುನಿತಾಳ ತಾಳ್ಮೆ ಮುಗಿದಿತ್ತು. "ಅಜ್ಜಾರ, ನಾ ದೆವ್ವದ ಕತಿ ಕೇಳಾಕ ಬಂದಿಲ್ರಿ. ಬೆಳಗಾದ್ರ ಪಿಚ್ಚರ್ ಕಳಸಬೇಕು."

"ದೆವ್ವ ಅಂತ ನಾ ಅಂದೆನೇನು?" ಅಜ್ಜ ಕಂದೀಲಿನ ಬತ್ತಿ ಏರಿಸಿದರು. "ನಿನ್ನ ಪಿಚ್ಚರ್ ಯಾಕ ಕೂಡವಲ್ದು, ಅದನ್ನ ಹೇಳವ್ವ. ಕಂಬದ ಬುಡಕ ಯಾರರೆ ಅದಾರೇನು?"

ಶೂಟಿಂಗಿಗೆ ಮುಂಚೆ ಅಂಗಳವನ್ನು ಪೂರಾ ಖಾಲಿ ಮಾಡಿಸಿದ್ದೆ ಎಂದು ಕೊಟ್ರೇಶ ಆಣೆ ಮಾಡಿ ಹೇಳಿದ್ದ. ಆದರೂ ಸುನಿತಾಳ ಚಿತ್ರದಲ್ಲಿ, ಫ್ರೇಮಿನ ಎಡಗಡೆ, ಕಂಬದ ಬುಡಕ್ಕೆ ಸೆರಗು ಹೊದ್ದ ಮುದುಕಿಯೊಬ್ಬಳು ಕೂತಿದ್ದಳು. ಅಂಚು ಕತ್ತರಿಸಿದರೆ ಮುಂದಿನ ಶಾಟಿನಲ್ಲಿ ಇರುತ್ತಿದ್ದಳು.

"ಎಷ್ಟೊತ್ತು ಬಿಟ್ಟು ನೋಡಿದ್ರೂ ಆಕಿ ಏಳೂದಿಲ್ಲ, ಹೌದಲ್ಲೋ?" ಅಜ್ಜ ಕೊಟ್ರೇಶನನ್ನು ಕೇಳಿದರು.

ಕೊಟ್ರೇಶ ಸುನಿತಾಳ ಮುಖ ನೋಡಿದ. ಅವಳು ನೆಲ ನೋಡುತ್ತಿದ್ದಳು.

"ಇರ್ಲಿ," ಎನ್ನುತ್ತ ಮಕ್ಬುಲಸಾಬರು ಕೋಲೂರಿ ಏಳತೊಡಗಿದರು. "ನಾ ಎದ್ದು ಹೋಗೂದನ್ನ ಪೂರಾ ತಗೀಪಾ ಕೊಟ್ರೇಶ. ಅದನ್ನ ಮಾತ್ರ ಕತ್ತರಿಸಬ್ಯಾಡವ್ವ, ಇಲ್ಲಂದ್ರ ನಾನೂ ನಿನ್ನ ಪಿಚ್ಚರಿನಾಗ ಕೂತ ಬಿಟ್ಟೇನು."

"ಅಜ್ಜಾರ... ಕ್ಯಾಮೆರಾದ ಬ್ಯಾಟರಿ ಆಗಲೇ ಹೋಗೇತ್ರಿ," ಎಂದ ಕೊಟ್ರೇಶ.

ಅರ್ಧ ಎದ್ದಿದ್ದವರು ಹಾಗೇ ನಿಂತರು. ಆಮೇಲೆ ನಿಧಾನವಾಗಿ ಮತ್ತೆ ಕೂತು, ಕೋಲನ್ನು ಮೊಣಕಾಲ ಮೇಲೆ ಅಡ್ಡ ಇಟ್ಟುಕೊಂಡರು.

"ಹಂಗಾರ ಕೂಡ್ರಿ," ಎಂದರು. "ಕರೆಂಟು ಬರ್ಲಿ, ಬ್ಯಾಟರಿ ತುಂಬ್ಲಿ. ನನಗೇನೂ ಅವಸರ ಇಲ್ಲ... ಆಕೀಗೂ ಇಲ್ಲ."