ಕನಸಿನ ಕಿಟ್ಟ

"ನಮ್ಮ ಗಾಳಿಗೆ ಕೌದಿ ಹೊಲ್ಯಾಕ ಬಂತಂದ್ರ, ನಮ್ಮನಿ ಎಮ್ಮಿಗೆ ಓದಾಕ ಬಂತು ಅನ್ನು!"

ಹೀಗೆಂದವಳು ಹೊಳಿಯಮ್ಮ. ಬೇರೆ ಯಾರೋ ಅಲ್ಲ, ಗಾಳೆಮ್ಮನ ನೆಗೆಣ್ಣಿ, ಗಂಡನ ಅಣ್ಣನ ಹೆಂಡತಿ. ಅಂದದ್ದು ಹನುಮಸಾಗರದ ನಮ್ಮ ಓಣಿಯ ಹೆಂಗಸರೆಲ್ಲ ಕೂತಿದ್ದ ಕಟ್ಟೆಯ ಮೇಲೆ. ಎಲ್ಲರೂ ನಕ್ಕರು. ಗಾಳೆಮ್ಮ ನಗಲಿಲ್ಲ. ಗಂಡ ತೀರಿಕೊಂಡ ಮೇಲೆ ಬೇರೆ ಒಲೆ ಹೂಡಿದ್ದಳು. ಬಗಲಲ್ಲಿ ಮಗಳು ದುರಗಮ್ಮ, ಕೈಯಲ್ಲಿ ಸೂಜಿ. ಅಷ್ಟೇ ಅವಳದು.

ನಿಜಾಮನ ಕಾಲ. ದೊಡ್ಡ ಯುದ್ಧ ನಡೆದಿತ್ತು, ಬಟ್ಟೆಗೆ ಕಂಟ್ರೋಲು. ಹೊಸ ಅರಿವೆ ಕಣ್ಣಿಗೆ ಬೀಳುತ್ತಿರಲಿಲ್ಲ. ಹಳೆ ಸೀರೆ, ಹರಿದ ಧೋತರ ಕೊಟ್ಟು ಕೌದಿ ಹೊಲಿಸಿಕೊಳ್ಳುವವರೇ ಎಲ್ಲ. ಹೊಲಿಸುವುದು ಮಾತ್ರ ಹೊಳಿಯಮ್ಮನ ಕೈಯಲ್ಲೇ. ಅವಳ ಕೌದಿ ಹೊದ್ದರೆ ಛಲೋ ಕನಸು ಬೀಳುತ್ತವೆ ಅಂತ ಸುದ್ದಿ. ಗಾಳೆಮ್ಮನ ಹೊಲಿಗೆ ಅದಕ್ಕಿಂತ ಸಣ್ಣದು, ನೇರ. ಆದರೆ ನೋಡುವವರು ಯಾರು? ಹೊಳಿಯಮ್ಮನ ಅಂಗಳದಲ್ಲಿ ಅರಿವೆಯ ಗಂಟು ಇಳಿದಾಗೆಲ್ಲ ಗಾಳೆಮ್ಮ ತನ್ನ ಬಾಗಿಲು ಧಡಾರನೆ ಹಾಕಿಕೊಳ್ಳುತ್ತಿದ್ದಳು.

ಅಷ್ಟರಲ್ಲಿ ಸಾಹುಕಾರರ ಹೆಂಡತಿ ಕಳಕಮ್ಮ ಒಂದು ಮಾತು ಅಂದಳು. "ಮಗಳ ಲಗ್ನಕ್ಕ ನೀವಿಬ್ಬರೂ ಒಂದೊಂದು ಕೌದಿ ಹೊಲದು ತರ್ರಿ. ಯಾರದು ಮನಸಿಗಿ ಬರ್ತೈತಿ, ಮುಂದ ನಮ್ಮ ಬೀಗರ ಮನಿ ಕೌದಿನೂ ಅವರಿಗೇ."

ಅದೇ ವಾರ, ಒಂದು ರಾತ್ರಿ... ಸಾಹುಕಾರರ ಮನೆಯಲ್ಲಿ ಕಾಳು ಹಸನು ಮಾಡಿ ಗಾಳೆಮ್ಮ ತಡವಾಗಿ ಬರುತ್ತಿದ್ದಳು. ಮಗಳು ಹೆಗಲ ಮೇಲೆ ನಿದ್ದೆ ಹೋಗಿದ್ದಳು. ದಾರಿಯಲ್ಲಿ ಬಾವಿ, ಅದರ ದಂಡೆಗೆ ಆಲದ ಮರ. ಹತ್ತಿರ ಬಂದಾಗ ಕೇಳಿಸಿತು.

ಗರ್... ಗರ್...

ಕಲ್ಲಿನ ಮೇಲೆ ಕಬ್ಬಿಣ ಎಳೆದ ಸದ್ದು. ಗಾಳೆಮ್ಮ ಬಿಳಲಿನ ಹಿಂದೆ ನಿಂತಳು. ಹೊಳಿಯಮ್ಮ! ತಾನು ಮಲಗುವ ಹಾಸಿಗೆ, ಹೊದಿಕೆ ಎಲ್ಲ ಒಗೆದಿಟ್ಟು, ಒಗೆಯುವ ಕಲ್ಲನ್ನು ಖುರ್ಪಿಯಿಂದ ಕೆರೆಯುತ್ತಿದ್ದಾಳೆ. ಕೆರೆದದ್ದು ದೀಪದ ಕಿಟ್ಟದ ಹಾಗೆ ಕಪ್ಪು. ಬೆಳದಿಂಗಳಿಗೆ ಹಿಡಿದರೆ ನವಿಲುಗರಿಯ ಹೊಳಪು.

"ಯಾರದು?"

"ನಾನಕ್ಕ... ಗಾಳಿ. ಏನ ಅದು?"

ಹೊಳಿಯಮ್ಮ ದನಿ ಇಳಿಸಿದಳು. "ಕನಸಿನ ಕಿಟ್ಟ. ಮಲಗಿದವರ ಕನಸು ಅರಿವ್ಯಾಗ ಇಳಿತೈತಿ. ಒಗದ್ರ ಕಲ್ಲಿಗೆ ಹತ್ತತೈತಿ."

"ನನಗೂ ಒಂದೀಟು ಕೊಡಕ್ಕ."

"ನಿನ್ನ ಕೈಯಾಗಿಂದಲ್ಲ ಇದು. ಹಸದಿರ್ತೈತಿ. ಮನಿಗಿ ನಡಿ, ಕೂಸಿಗೆ ಥಂಡಿ ಆಗತೈತಿ."

ಅನ್ನುತ್ತ ದುರಗಮ್ಮನ ಕೆನ್ನೆ ಮುಟ್ಟಿದಳು. ಮುಟ್ಟಿದ ಕೈಯನ್ನು ಬೇಗ ತೆಗೆಯಲಿಲ್ಲ. ಹೊಳಿಯಮ್ಮನಿಗೆ ಮಕ್ಕಳಿರಲಿಲ್ಲ.

ಅವಳು ಹೋದಳು. ಗಾಳೆಮ್ಮ ಹೋಗಲಿಲ್ಲ. ಒಡೆದ ಗಡಿಗೆಯ ಚೂರು ಹುಡುಕಿ, ಕಲ್ಲಿನಲ್ಲಿ ಉಳಿದದ್ದನ್ನು ಕೆರೆದಳು. ಆಗ ಯಾರೋ ಆಕಳಿಸಿದರು... ಹಾ... ಅಂತ, ಕಿವಿಯ ಹತ್ತಿರವೇ. ಮಗಳು ಎದ್ದಳೇನೋ ಎಂದು ನೋಡಿದಳು. ಮಗಳ ಬಾಯಿ ಮುಚ್ಚಿತ್ತು.

ಕೌದಿ ಮುಗಿಸುವಾಗ ಅಂಗೈಯಗಲ ಬಾಯಿ ಬಿಟ್ಟು, ಒಳಗೆ ರೊಟ್ಟಿಯ ಚೂರು ಇಟ್ಟು ಮುಚ್ಚುವುದು ನಮ್ಮ ಕಡೆಯ ರೂಢಿ. ಹೊದ್ದವರು ಹಸಿದು ಮಲಗಬಾರದು ಅಂತ. ಹೊಳಿಯಮ್ಮ ಏನು ಇಡುತ್ತಾಳೋ ನೋಡೇಬಿಡೋಣ ಎಂದು ಗಾಳೆಮ್ಮ ಮರುದಿನ ಸಾಹುಕಾರರ ಮನೆಯಲ್ಲಿ ಬಿಸಿಲಿಗೆ ಹಾಕಿದ್ದ, ಅವಳು ಹೊಲಿದ ಹಳೆಯ ಕೌದಿಯೊಂದರ ಬಾಯಿ ಬಿಚ್ಚಿದಳು. ಒಳಗೆ ಕಪ್ಪು ಕಿಟ್ಟದ ಕಲೆ ಇತ್ತು. ರೊಟ್ಟಿ ಇಲ್ಲ. ಒಂದು ಪುಡಿಯೂ ಇಲ್ಲ.

"ಓಹೋ... ರೊಟ್ಟಿ ಅನ್ನೋದು ಮಂದಿಗೆ ತೋರ್ಸಾಕ!" ಅಂದುಕೊಂಡಳು. ತನ್ನ ಲಗ್ನದ ಕೌದಿಯ ಹೊಟ್ಟೆಗೆ ಬರೀ ಕಿಟ್ಟ ಇಟ್ಟು ಹೊಲಿದಳು.

ಕೊಡುವ ಮುನ್ನ ಪರೀಕ್ಷೆ ಆಗಬೇಕಲ್ಲ? ಆ ರಾತ್ರಿ ಮಗಳಿಗೆ ಹೊದಿಸಿದಳು. ದುರಗಮ್ಮ ನಿದ್ದೆಯಲ್ಲಿ ನಕ್ಕಳು. ಗಾಳೆಮ್ಮನ ಎದೆ ಉಬ್ಬಿತು. 'ನೋಡ್ತಿರು ಹೊಳಿಯಕ್ಕ...' ಅಂದುಕೊಂಡು ದೀಪ ಆರಿಸಿದಳು.

ಕುರುಂ... ಕುರುಂ...

ಕಟಕು ರೊಟ್ಟಿ ಕಡಿದ ಸದ್ದು. ಇಲಿ ಇರಬೇಕು ಎಂದು ಕೌದಿ ಕೊಡವಿದಳು. ನಿಂತಿತು. ಮಲಗಿದಳು. ಮತ್ತೆ... ಕುರುಂ... ಈ ಸಲ ನಿಧಾನ, ಅವಸರವಿಲ್ಲದೆ. ಬೆಳಕು ಹರಿಯುವ ಹೊತ್ತಿಗೆ ಒಂದು ತೇಗು.

ಮುಂಜಾನೆ ದುರಗಮ್ಮ ಎದ್ದು ಕೂತಳು. ಗಾಳೆಮ್ಮನನ್ನು ನೋಡಿದಳು.

"ಚಿಗವ್ವಾ, ನಮ್ಮವ್ವ ಎಲ್ಲಿ?"

"ಹುಚ್ಚಿ, ನಾನ ನಿಮ್ಮವ್ವ ಅಲ್ಲೇನ?"

ಮಗು ಚೇಷ್ಟೆ ಮಾತು ಕೇಳಿದಂತೆ ನಕ್ಕಿತು. ಎದ್ದು, ಓಣಿ ದಾಟಿ, ರೊಟ್ಟಿ ಬಡಿಯುತ್ತಿದ್ದ ಹೊಳಿಯಮ್ಮನ ತೊಡೆಯ ಮೇಲೆ ಹೋಗಿ ಕೂತಿತು. "ಅವ್ವಾ, ಹಸಿವಾಗೈತಿ."

ಹಿಂದೆಯೇ ಓಡಿ ಬಂದ ಗಾಳೆಮ್ಮನನ್ನು ಕಂಡು ಹೊಳಿಯಮ್ಮನ ಮುಖ ಬಿಳುಚಿತು. "ಬಾವಿ ಕಲ್ಲಿಂದು ತಂದಿದ್ದೇನ? ರೊಟ್ಟಿ ಇಟ್ಟಿದ್ದಿಲ್ಲೇನ ಗಾಳಿ?"

"ನಿನ್ನ ಕೌದ್ಯಾಗರ ಎಲ್ಲಿತ್ತು? ಬಿಚ್ಚಿ ನೋಡೀನಿ!"

"ಇಟ್ಟಿದ್ದೆ... ಅದು ತಿಂದಿತ್ತು. ರೊಟ್ಟಿ ಸಿಗದಿದ್ರ ಹೊದ್ದವರ ನೆನಪ ತಿಂತೈತಿ."

ಒಲೆಯ ಮೇಲಿನ ರೊಟ್ಟಿ ಸೀದು ಹೊಗೆಯಾಡಿತು. ಯಾರೂ ತೆಗೆಯಲಿಲ್ಲ.

"ಅದು ನನ್ನ ಕನಸಿನ ಕಿಟ್ಟ," ಹೊಳಿಯಮ್ಮ ಪಿಸುಗುಟ್ಟಿದಳು. "ಅದರಾಗ ಈಕಿ ಹುಟ್ಟಿದಾಗಿಂದ ನನ್ನ ಮಗಳ."

"ನನ್ನ ಮಗಳನ್ನ ತಿರುಗಿ ಕೊಡು."

"ನಾ ಏನ ಕಸಗೊಂಡೀನೇನ?"

ಹೌದು, ಕಸಿದುಕೊಂಡಿರಲಿಲ್ಲ. ಆದರೆ ಮಗುವನ್ನು ಹಿಡಿದ ಕೈ ಸಡಿಲವೂ ಆಗಲಿಲ್ಲ.

ಗಾಳೆಮ್ಮ ಮನೆಗೆ ಬಂದು ಕೌದಿಯ ಬಾಯಿ ಬಿಚ್ಚಿ ಬಿಸಿ ರೊಟ್ಟಿ ಇಟ್ಟಳು. ಮರುದಿನ ಹೋಳಿಗೆ ಇಟ್ಟಳು. ಇಟ್ಟದ್ದು ಇಟ್ಟಂತೆ ಒಣಗಿತು, ಇರುವೆ ಕೂಡ ಹತ್ತಿರ ಬರಲಿಲ್ಲ. ಅದಕ್ಕೆ ಹೊಟ್ಟೆ ತುಂಬಿತ್ತು.

ಆ ಕೌದಿ ಸುಟ್ಟು, ಹಗಲೂ ರಾತ್ರಿ ಕೂತು ಇನ್ನೊಂದು ಹೊಲಿದಳು, ಬರೀ ಅರಿವೆ, ದಾರ, ರೊಟ್ಟಿಯದು. ಕಳಕಮ್ಮ ಅದನ್ನೇ ಆರಿಸಿದಳು. ಈಗ ಗಾಳೆಮ್ಮನಿಗೆ ಕಲ್ಲಿನ ಮನೆ ಇದೆ, ಹೊಲಿಗೆ ಯಂತ್ರ ಇದೆ, ಕುಷ್ಟಗಿಯಿಂದಲೂ ಬೇವೂರಿನಿಂದಲೂ ಬಂಡಿಯಲ್ಲಿ ಅರಿವೆಯ ಗಂಟು ಬರುತ್ತವೆ. ದುರಗಮ್ಮನ ಲಗ್ನದ ಸೀರೆ ತಂದವಳೂ ಅವಳೇ. ಅಕ್ಷತೆಯ ಹೊತ್ತಿಗೆ ತಾಯಿಯ ಜಾಗದಲ್ಲಿ ಹೊಳಿಯಮ್ಮ ನಿಂತಿದ್ದಳು. ಗಾಳೆಮ್ಮ ಹಿಂದೆ, ಚಿಗವ್ವಂದಿರ ಸಾಲಿನಲ್ಲಿ.

ಕೌದಿ ಸುಟ್ಟರೂ ಅದು ಗಾಳೆಮ್ಮನ ಬೆನ್ನು ಬಿಟ್ಟಿಲ್ಲ. ಸುಳ್ಳು ಅನ್ನುವವರು ಆ ಕಲ್ಲಿನ ಮನೆಗೆ ಹೋಗಿ ಒಂದು ಹಿಡಿ ಸಕ್ಕರೆ ಚೆಲ್ಲಿ ಬರಲಿ. ನಾನು ಚೆಲ್ಲಿ ನೋಡಿದ್ದೇನೆ. ಒಂದು ಇರುವೆಯೂ ಬರುವುದಿಲ್ಲ.