ಶ್ರುತಿ ಹಿಡಿದವಳು

ಇದು ನಡೆದದ್ದು ನಮ್ಮ ದೊಡ್ಡಮ್ಮನ ಪಕ್ಕದ ಮನೆಯಲ್ಲಿ. ಲಂಡನ್ನಿನಾಚೆ ಸಫೊಕ್ಕಿನ ಆ ಹಳ್ಳಿಯಲ್ಲಿ ಈಗಲೂ ಕೇಳಿದರೆ ಹೇಳುತ್ತಾರೆ... ದನಿ ತಗ್ಗಿಸಿ.

ಆಬ್ರಿ ಸ್ಕೆಲ್ಟನ್ ಅಂತ. ಸಿನಿಮಾಕ್ಕೆ, ಟೆಲಿವಿಷನ್ನಿಗೆ ಸಂಗೀತ ಬರೆಯುವವನು. ಭಾನುವಾರ ಸಂಜೆ ಧಾರಾವಾಹಿ ಶುರುವಾದರೆ ಬೀದಿಯ ಕಿಟಕಿ ಕಿಟಕಿಯಲ್ಲೂ ಅವನದೇ ರಾಗ. ಪರದೆಯ ಮೇಲೆ ಅವನ ಹೆಸರು ಬರುವ ಹೊತ್ತಿಗೆ ಮಾತ್ರ ಜನ ಚಹಾಕ್ಕೆ ನೀರಿಡಲು ಎದ್ದಿರುತ್ತಿದ್ದರು.

ಹೆಂಡತಿ ಮಕ್ಕಳು ಅಂತ ಇರಲಿಲ್ಲ. ಇದ್ದವಳು ವಿನಿಫ್ರೆಡ್ ಪಾಸ್ಕ್ ಒಬ್ಬಳೇ, ಅವನ ವಾದ್ಯಮೇಳದಲ್ಲಿ ಓಬೋ ಅನ್ನುವ, ಶಹನಾಯಿಯಂಥ ವಾದ್ಯ ಊದುವವಳು. ಓಬೋ ಹಿಡಿದ ಒಂದು ಸ್ವರಕ್ಕೇ ಮೇಳದವರೆಲ್ಲ ಶ್ರುತಿ ಸೇರಿಸಿಕೊಳ್ಳುವುದು. ಇಪ್ಪತ್ತು ವರ್ಷ ಆ ಸ್ವರ ಹಿಡಿದವಳು ಅವಳು. ಒಳ್ಳೊಳ್ಳೆಯ ರಾಗವನ್ನೆಲ್ಲ ಅವಳಿಗೆಂದೇ ಬರೆದ. ಹಾಗಂತ ಒಂದು ದಿನವೂ ಬಾಯಿಬಿಟ್ಟು ಹೇಳಲಿಲ್ಲ. ಅವಳೋ, ಹಾಳೆ ಕೈಗೆ ಬಂದೊಡನೆ ಛೇಡಿಸುತ್ತಿದ್ದಳಂತೆ, ಇವನು ಇಷ್ಟುದ್ದ ಸಾಲು ಬರೆದು ಉಸಿರು ಕಟ್ಟಿಸಿಯೇ ನನ್ನನ್ನು ಕೊಲ್ಲುತ್ತಾನೆ ಅಂತ.

ಒಂದು ಚಳಿಗಾಲದಲ್ಲಿ ಅವಳು ತೀರಿಕೊಂಡಳು, ಜ್ವರ ಬಂದು. ಆಮೇಲೆ ಆಬ್ರಿ ಓಬೋಗೆ ಒಂದು ಸಾಲೂ ಬರೆಯಲಿಲ್ಲ. ಕೊನೆಗೆ ಧಾರಾವಾಹಿಯ ನಿರ್ದೇಶಕ ಲಂಡನ್ನಿಗೆ ಕರೆಸಿ ಖಡಾಖಂಡಿತ ಹೇಳಿದ. ಕಡೆಯ ದೃಶ್ಯಕ್ಕೆ ಓಬೋ ಬೇಕೇ ಬೇಕು, ಬೆಳಗಾಗುವುದರೊಳಗೆ ಬರೆದುಕೊಡದಿದ್ದರೆ ಕೆಲಸ ಬೇರೆಯವರಿಗೆ.

ಆಬ್ರಿ ಕೊನೆಯ ರೈಲಿಗೆ ಊರಿಗಿಳಿದ. ಚರ್ಚಿನ ಹಿಂದಿನ ದಾರಿ ಹಿಡಿದ. ಅಲ್ಲೊಂದು ಹಲಗೆ ಮುಚ್ಚಿದ ಹಳೇ ಬಾವಿ. ಮೇಲೆ ಬಾಗಿದ ಯೂ ಮರ. ಎಲೆಯ ನೀರು ಹಲಗೆಯ ಮೇಲೆ ಟಪ್... ಟಪ್... ಬೇರೆ ಸದ್ದಿಲ್ಲ. ತನ್ನ ಗೇಟು ತಳ್ಳಿದ. ಕಿರ್ರ್ ಎಂದಿತು. ಆಗ ಕೇಳಿಸಿತು...

ಒಂದೇ ಸ್ವರ. ಸಣ್ಣಗೆ, ಮೂಗಿನಲ್ಲಿ ಎಳೆದ ಹಾಗೆ. ಒಂದಿಷ್ಟೂ ಅಲುಗುತ್ತಿಲ್ಲ.

ಅವನ ಮನೆಯೊಳಗಿಂದ.

ಬೀಗ ತೆಗೆದ. ಒಳಗೆ ಕತ್ತಲು. ಪಿಯಾನೋದ ಹತ್ತಿರ ಆ ಸ್ವರ ಹಾಗೇ ನಿಂತಿತ್ತು, ಎಲ್ಲರೂ ಸೇರಿಕೊಳ್ಳಲಿ ಅಂತ ಕಾಯುವ ಹಾಗೆ.

"ವಿನಿ?"

ಸ್ವರ ನಿಂತಿತು. ಯಾರೋ ಉಸಿರೆಳೆದುಕೊಂಡರು... ಉದ್ದಕ್ಕೆ.

"ಬರಿ ಮಾರಾಯ. ಉಸಿರಿಗೆ ಜಾಗ ಬಿಡು, ಅಷ್ಟೇ."

ದೀಪ ಹಾಕಿದರೆ ಎಲ್ಲಿ ಹೋಗಿಬಿಡುತ್ತಾಳೋ ಅಂತ ಬೀದಿದೀಪದ ಬೆಳಕಲ್ಲೇ ಬರೆದ. ಬರೆಯುತ್ತ ಬರೆಯುತ್ತ, ಇಷ್ಟು ವರ್ಷ ನುಂಗಿಕೊಂಡಿದ್ದ ಮಾತನ್ನು ಕತ್ತಲೆಗೆ ಹೇಳಿದ. ಬೆಳಕು ಹರಿದಾಗ ಕೋಣೆಯಲ್ಲಿ ಅವನೊಬ್ಬನೇ.

ಕೆಲಸವೇನೋ ಉಳಿಯಿತು. ಆ ರಾಗ ಕೇಳಿ ಊರೇ ಅತ್ತಿತು. ಆಬ್ರಿ ಮಾತ್ರ ಎಷ್ಟೋ ರಾತ್ರಿ ಬೇಕೆಂದೇ ಕೊನೆಯ ರೈಲಿಗೆ ಬಂದ, ಗೇಟಿನ ಹತ್ತಿರ ನಿಂತ... ಮತ್ತೆ ಕೇಳಿಸಲಿಲ್ಲ.

ಅವನೂ ತೀರಿಕೊಂಡ ಮೇಲೆ ಪಿಯಾನೋ ದೊಡ್ಡಮ್ಮನ ಮನೆಗೆ ಬಂತು. ಶ್ರುತಿ ಮಾಡುವವನು ಮುಚ್ಚಳ ತೆಗೆದು ಒಂದೊಂದೇ ತಂತಿ ಮೀಟಿ ನೋಡಿದ. ಆಮೇಲೆ ಮೆಲ್ಲಗೆ ಕೇಳಿದ, "ಎಲ್ಲಾ ತಂತಿ ತೇವಕ್ಕೆ ಇಳಿದುಹೋಗಿದೆ ಅಮ್ಮಾವ್ರೇ. ಇದೊಂದನ್ನ ಯಾರು ಬಿಗಿ ಮಾಡಿದ್ರು?"

ಓಬೋ ಹಿಡಿಯುವ ಆ ಸ್ವರ. ಕೂದಲೆಳೆಯಷ್ಟೂ ತಪ್ಪಿರಲಿಲ್ಲ. ತಂತಿ ಬಿಗಿಸುವ ಮೊಳೆಗೆ ಹತ್ತಿದ ತುಕ್ಕನ್ನು ಯಾರೂ ಮುಟ್ಟಿರಲಿಲ್ಲ.

ದೊಡ್ಡಮ್ಮ ಆ ಪಿಯಾನೋಕ್ಕೆ ಶ್ರುತಿ ಮಾಡಿಸಲೇ ಇಲ್ಲ. ಕಟ್ಟುಕತೆಯಲ್ಲ ಇದು, ಹೋದ ವರ್ಷ ನಾನೇ ಒತ್ತಿ ನೋಡಿದೆ. ಉಳಿದದ್ದೆಲ್ಲ ಅಪಸ್ವರ. ಅದೊಂದು ಸರಿಯಾಗಿದೆ.