ಅಲ್ಪಪ್ರಾಣ

…ಜಗಳ ಅಲ್ಲ ಮಾಮಾ. ಜಗಳ ಅನಬ್ಯಾಡ್ರಿ. ಜಗಳ ಅಂದ್ರ ಇಬ್ಬರೂ ದನಿ ಏರಿಸಬೇಕು. ನಮ್ಮ ಸಂಪಾದಕ ಮಾರ್ತಾಂಡಪಂತರು ಏರಿಸಲಿಲ್ಲ, ಏರಿಸಿದಾಂವ ನಾನೊಬ್ಬನ. ಅದಕ್ಕ ಬ್ಯಾರೆ ಶಬ್ದ ಅದ, ಒದರಾಟ. ಶಬ್ದಕೋಶದ ಕಚೇರಿಯೊಳಗ, ಹಾಡಹಗಲ ಹನ್ನೊಂದಕ್ಕ, ಆರು ಮಂದಿ ಪಂಡಿತರ ಎದುರಿಗೆ ಒದರಿದೆ. ಒದರಿ, ಕೆಮ್ಮಿ, ಟೊಪ್ಪಿಗಿ ತಲಿಗಿಟಗೊಂಡು ಮನಿಗೆ ಬಂದೆ. ಅಷ್ಟ.

ಕೂಡ್ರಿ, ಕೂಡ್ರಿ. ನಿಮ್ಮ ಹುಬ್ಬಳ್ಳಿ ಗಾಡಿ ಸಂಜೀಮುಂದ. ಇನ್ನ ಭಾಳ ಹೊತ್ತದ. ಕಿಟಕಿ ಮುಚ್ಚಲೇನು? ಹಿಂದಿನ ಓಣಿನ ತಾಂಬಟ ಆಳಿ, ತಾಮ್ರಗಾರರ ಕೇರಿ. ಮುಂಜಾನಿಂದ ದೀಪ ಹಚ್ಚೂತನಕ ತಾಮ್ರ ಬಡಿಯೂದ ಬಡಿಯೂದು… ಬ್ಯಾಡಾ? ಹೌದಲ್ಲ, ನಿಮಗದು ಸಂಗೀತ. ಮೂವತ್ತು ವರ್ಷ ಭಾಂಡೆ ಮಾರಿದ ಕಿವಿ. ನನಗ ಮಾತ್ರ… ದಣಿವಾಗೇದ ಮಾಮಾ. ಭಾಳ ದಣಿವಾಗೇದ. ಕೆಲಸದ ದಣಿವು. ಬ್ಯಾರೆ ಏನಿಲ್ಲ.

ಒಂದು ಶಬ್ದದ ಸಲುವಾಗಿ.

ಹೂಂ, ಒಂದ ಶಬ್ದ. ಯಾಕ ನಗ್ತೀರಿ? ನಗ್ರಿ. ಇನ್ನ ಇಪ್ಪತ್ತು ದಿನಕ್ಕ ಅಳಿಯಾ ಆಗಾಂವ, ಬಿ.ಎ. ಆದಾಂವ, ಒಂದು ಶಬ್ದದ ಸಲುವಾಗಿ ಒದರಾಡಿ ಬಂದ ಅಂತ ಊರಾಗ ಹೇಳ್ರಿ. ಪಾರವ್ವಗೂ ಹೇಳ್ರಿ. ನಿಮ್ಮ ಮಗಳು ನಗೂದಿಲ್ಲ ನೋಡ್ರಿ. “ಯಾವ ಶಬ್ದ?” ಅಂತ ಕೇಳ್ತಾಳ. ಸಣ್ಣಾಕಿ ಇದ್ದಾಗಿಂದ ಹಂಗ ಆಕಿ. ಪಾಟಿ ಹಿಡಕೊಂಡು ನನ್ನ ಮುಂದ ಕೂತು, “ಇದಕ್ಕೇನಂತಾರ, ಅದಕ್ಕೇನಂತಾರ…” ನಾನು ಕಾಲೇಜು ಮುಗಿಸಲಿ ಅಂತ ನಾಲ್ಕು ವರ್ಷ ಕಾಯ್ದಾಳ. ನನಗ ಗೊತ್ತದ. ಮರ್ತಿಲ್ಲ.

ಯಾವ ಶಬ್ದ? ನೀವೂ ಕೇಳಿದ್ರಿ ನೋಡ್ರಿ! ಅಪ್ಪ ಮಗಳು ಒಂದ ಅಚ್ಚು.

ಹೇಳ್ತೀನಿ. ಮೊದಲು ನಮ್ಮ ಕಚೇರಿಯ ಪದ್ಧತಿ ಕೇಳ್ರಿ. ಎಡಕ್ಕ ಮರಾಠಿ ಶಬ್ದ, ಬಲಕ್ಕ ಕನ್ನಡ ಅರ್ಥ. ಒಂದು ಶಬ್ದಕ್ಕ ಒಂದು ಚೀಟಿ. ಹದಿನೈದು ವರ್ಷದಾಗ ‘ಬ’ದ ತನಕ ಬಂದಾರ, ‘ಹ’ದ ತನಕ ಹೋಗೂದ್ರಾಗ ನಾವೆಲ್ಲಾ ಮುದುಕರು. ಕನ್ನಡದ ಚೀಟಿ ಬರಿಯಾಂವ ನಾನು. ತಿದ್ದಾವ್ರು ಪಂತರು. ಅವರಿಗೆ ಕನ್ನಡ ಬರೂದಿಲ್ಲ. ಬರದ ಭಾಷೆಯನ್ನು ತಿದ್ದುವ ಅಧಿಕಾರ ಇರೋದು ಈ ಪುಣೆಯೊಳಗ ಮಾತ್ರ ಏನೋ! ಇರಲಿ. ಅವರದೊಂದು ನಿಯಮ: ಯಾವ ಅರ್ಥಕ್ಕೂ ಆಧಾರ ಬೇಕು. ಪುಸ್ತಕದಾಗ ಇದ್ದರ ಪುಟ ಬರೀರಿ. ಬರೇ ಬಾಯಿಮಾತಿನಾಗ ಇದ್ದರ ಯಾರು ಅಂದ್ರು, ಎಲ್ಲಿ ಅಂದ್ರು, ಎಂದು ಅಂದ್ರು, ಬರೀರಿ. ಮತ್ತ ಕೇಳಿದವರು ಇಬ್ಬರಿರಬೇಕು. ಇಬ್ಬರಿಗೂ ಆದ ಅರ್ಥ ಒಂದೇ ಇರಬೇಕು. ಒಳ್ಳೆ ನಿಯಮ. ಸುಳ್ಳು ಹೇಳಬಾರದು, ಭಾಳ ಒಳ್ಳೆ ನಿಯಮ.

ನಾನು ಬರೆದ ಚೀಟಿ ಇದು. ತಿರುಗಿ ಬಂದದ್ದು. ಓದ್ತೀನಿ, ಕೇಳ್ರಿ.

“ಬದ್ದ. ವಿಶೇಷಣ. ಒಂದು: ಸೀಳುಬಿಟ್ಟ ಪಾತ್ರೆ, ಗಂಟೆ ಮೊದಲಾದವನ್ನು ಬಡಿದಾಗ ಹೊರಡುವ, ಅನುರಣನವಿಲ್ಲದ, ಹುಟ್ಟಿದಲ್ಲಿಯೇ ಸಾಯುವ ಸಪ್ಪಳಕ್ಕೆ ಹೇಳುವ ಮಾತು. ಎರಡು: ವೈದ್ಯನು ಎದೆಯನ್ನು ಬೆರಳಿನಿಂದ ತಟ್ಟಿ ನೋಡುವಾಗ, ಗಾಳಿಯಾಡದ ಭಾಗದಿಂದ ಬರುವ ಸಪ್ಪಳಕ್ಕೂ ಇದೇ ಮಾತು.”

ಒಂದನೇದಕ್ಕ ಅಡ್ಡಿ ಇಲ್ಲ. ಎರಡನೇದಕ್ಕ ಕೆಂಪು ಮಸಿಯ ಗೀರು, ಬದಿಗೆ ಒಂದ ಮಾತು: “ಆಧಾರ?” ಅದರ ಮುಂದ ಅಷ್ಟುದ್ದ ಪ್ರಶ್ನಾರ್ಥಕ ಚಿಹ್ನೆ. ಕುಡಗೋಲು ಇಟ್ಟಂಗ.

ಎರಡು ದಿನ ಕೂತೀನಿ ಮಾಮಾ ಈ ಶಬ್ದದ ಮುಂದ. ಕನ್ನಡದಾಗ ಏನನ್ನೋದು? ‘ಒಡಕು’ ಅಂದ್ರ ಕಿವೀಗೆ ಚುಚ್ಚತದ, ಇದು ಚುಚ್ಚೂದಿಲ್ಲ. ‘ಗೊಗ್ಗರು’ ಅಂದ್ರ ಗಂಟಲಿನ ಮಾತು. ಇದು ಅದಕ್ಕಿಂತ ಕೆಳಗಿಂದು. ‘ಮಂದ’ ಅಂದ್ರ ಬರೇ ಕಡಿಮಿ. ಇದು ಕಡಿಮಿ ಅಲ್ಲ. ಬಡಿದರ ಸಪ್ಪಳ ಆಗ್ತದ, ಪೂರಾ ಆಗ್ತದ. ಆದರ ಆ ಸಪ್ಪಳಕ್ಕ ಒಳಗಿಂದ ಯಾರೂ ‘ಓ’ ಅನ್ನೂದಿಲ್ಲ. ಬಾಗಿಲ ಬಡದೇವಿ, ಮನಿಯಾಗ ಯಾರೂ ಇಲ್ಲ, ಹಂಗ.

ಏನು? …ಅಲ್ರಿ, ಇದು ಸೊಕ್ಕಿನ ಮಾತಲ್ಲ. ಇದು ನಿಷ್ಕರ್ಷೆ. ಕೋಶದ ಭಾಷಾ ನಾಲಿಗಿಗೆ ಹತ್ತೇದ, ಏನ್ ಮಾಡ್ಲಿ?

ಪಂತರು ತಮ್ಮ ಮರಾಠಿಯೊಳಗ ಕೇಳಿದ್ರು: “ಸಿದ್ರಾಮಪ್ಪಾ, ಡಾಕ್ಟರು ಹಂಗಂತಾರಂತ ನಿಮಗ ಯಾರು ಹೇಳಿದ್ರು? ಯಾವ ಡಾಕ್ಟರು? ಯಾರ ಎದಿ?” ಮೆತ್ತಗ ಕೇಳಿದ್ರು. ಆ ಮೆತ್ತಗಿಂದ ನನಗ ಸಿಟ್ಟು ತಂತು. ನಾನಂದೆ, ಆಧಾರ ಅದ, ಹೇಳೂದಿಲ್ಲ. ಅವರಂದ್ರು, ಹೇಳದ ಆಧಾರ ಆಧಾರ ಅಲ್ಲ. ಆವಾಗ ಒದರಿದೆ.

ಎಲ್ಲಿ ಕೇಳಿದ್ದೇನು ನಾನು?

ಎಲ್ಲೋ… ಎಲ್ಲೋ ಕೇಳೀನಿ. ಈ ಊರಾಗ ಡಾಕ್ಟರರಿಗೇನ ಕಡಿಮಿ?

ಹಂಗ್ಯಾಕ ನೋಡ್ತೀರಿ?

…ಹೌದ್ರಿ. ಸೋಮವಾರ ನಾವು ಹೋಗಿದ್ದಿವಿ, ಇಲ್ಲ ಅಂದವರು ಯಾರು? ನೀವ ಕರಕೊಂಡು ಹೋದ್ರಿ. ನನ್ನ ಕಡೆ ಲಗ್ನದ ದಿನ ಗೊತ್ತು ಮಾಡಾಕ ಬಂದವರು, ನನ್ನ ಕೆಮ್ಮು ಕೇಳಿ, “ಒಮ್ಮೆ ತೋರಿಸಿಬಿಡೂಣು” ಅಂದ್ರಿ. ಡಾಕ್ಟರ್ ಏಕನಾಥರಾಯರು ಅಂಗಿ ತಗಿಸಿದ್ರು. ಎಡಗೈ ಬೆರಳು ಎದಿ ಮ್ಯಾಲಿಟ್ಟು ಬಲಗೈ ಬೆರಳಿಂದ ತಟ್ಟಿದ್ರು. ಬಲಕ್ಕ ಆತು, ಎಡಕ್ಕ ಆತು. ಎಡಕ್ಕ ಮತ್ತೊಮ್ಮೆ. ಮತ್ತೊಮ್ಮೆ. ಆಮ್ಯಾಲೆ ತಮ್ಮ ಕಂಪೌಂಡರಗ “ಡಾವೀಕಡೇ ವರ ಬದ್ಧ ವಾಜತೇ” ಅಂದ್ರು, ಎಡಕ್ಕ ಮ್ಯಾಲ ಬದ್ಧ ಸಪ್ಪಳ ಬರತದ ಅಂತ. ನೀವು ಬಾಕಿನ ಮ್ಯಾಲ ಕೂತು ಕೇಳಿದ್ರಿ.

ಆದರ ಅದು ಬ್ಯಾರೆ ಶಬ್ದ, ಮಾಮಾ! ಅದು ‘ಬದ್ಧ’. ದಕ್ಕ ಒತ್ತು ಧ, ಮಹಾಪ್ರಾಣ. ಸಂಸ್ಕೃತ. ಬದ್ಧ ಅಂದ್ರ ಕಟ್ಟಿದ್ದು, ಗಟ್ಟಿ ಇದ್ದದ್ದು, ಖರೇ ಇದ್ದದ್ದು. ನೀವ ವ್ಯಾಪಾರದಾಗ ಅಂತೀರಲ್ಲ, “ನನ್ನ ಮಾತು ಬದ್ಧ” ಅಂತ? ಅದು. ಎಡಕ್ಕ ಗಟ್ಟಿ ಅದ ಅಂದ್ರು ಅವರು. ಈ ಚೀಟಿದು ‘ಬದ್ದ’, ದಕ್ಕ ಒತ್ತು ದ, ಅಲ್ಪಪ್ರಾಣ. ನಮ್ಮ ಕಡೆ ಮಂದಿ ಮಹಾಪ್ರಾಣ ನುಂಗತೇವಿ. ಧಾರವಾಡಕ್ಕ ದಾರವಾಡ ಅಂತೇವಿ, ಧರ್ಮಕ್ಕ ದರ್ಮ ಅಂತೇವಿ. ಹಿಂಗಾಗಿ ನಮ್ಮ ಕಿವೀಗೆ ಎರಡೂ ಒಂದ. ನಿಮಗೂ ಒಂದ ಕೇಳಿಸಿತು. ಸಹಜ ಅದ. ವಿದ್ಯಾವಂತರಿಗೆ ಮಾತ್ರ…

ಅಲ್ಲ, ನಿಮ್ಮನ್ನ ಕಡಿಮಿ ಮಾಡಿ ಮಾತಾಡಾಕತ್ತಿಲ್ಲ. ನಿಮ್ಮ ಮರಾಠಿ ನಿಮ್ಮ ಕೆಲಸಕ್ಕ ಸಾಕು.

ನೀವ ಅಂದ್ರಿ ಮೊದಲ. ನಾನಲ್ಲ. ನೆನಪು ಮಾಡ್ಕೋರಿ. ಮೆಟ್ಟಲ ಇಳಿಯೂವಾಗ ನೀವು, “ಬದ್ಧ ಅಂದ್ರಲ್ಲೋ ಸಿದ್ರಾಮಾ? ಗಟ್ಟಿ ಅಂತ ಅಲ್ಲೇನದು?” ಅಂದ್ರಿ. ನಾನು ಹೂಂ ಅಂದೆ. ಸುಳ್ಳು ಹೇಳಲಿಲ್ಲ. ಹೂಂ ಅಂದೆ.

ಅಲ್ಲಾ… ಅದು ಖರೇ ಇತ್ತು, ಅದಕ್ಕ ಹೂಂ ಅಂದೆ ಅಂತ ಹೇಳಾಕತ್ತೀನಿ.

ನಂಬಿಗಿ ಇಲ್ಲೇನು? ತಡೀರಿ, ಭೇದ ತೋರಿಸ್ತೀನಿ. ಬಾಯಿಲೆ ಹೇಳೂದ್ಯಾಕ? ಇಲ್ಲಿ ನನ್ನ ನೀರಿನ ಬಿಂದಿಗಿ ಅದ. ಹ್ವಾದ ವರ್ಷ ಮೆಟ್ಟಲಾಗ ಬಿದ್ದು ಕಂಠದ ಕೆಳಗ ಸೀಳು ಬಿಟ್ಟದ. ಕೇಳ್ರಿ. …ಕೇಳಿದ್ರ್ಯಾ? ಇದು ಬದ್ದ. ಹುಟ್ಟಿದಲ್ಲೇ ಸತ್ತಿತು. ಈಗ ನೀವು ಮುಂಜಾನೆ ತಂದ ಕೊಡ ಕೊಡ್ರಿ. ಲಗ್ನದ ಕೊಡ. ಸುತ್ತಿದ ತಟ್ಟು ಬಿಚ್ಚತೀನಿ, ಮತ್ತ ಕಟ್ಟತೀನಿ, ಗಾಬರಿ ಯಾಕ? ಗೀರು ಬೀಳಗೊಡೂದಿಲ್ಲ.

ಆಹಾ. ಎಂಥಾ ಸುರೇಖ ಕೊಡ, ಮಾಮಾ. ಕೇಳ್ರಿ. …ಇನ್ನೂ ಅದ. …ಇನ್ನೂ ಅದ ನೋಡ್ರಿ. ಒಂದು ಸರ್ತಿ ತಟ್ಟಿದರ ಬೀದಿ ದಾಟಿ ಹೋಗತದ ದನಿ. ಇದಕ್ಕಂತಾರ…

ಹೆಸರೂ ಹಾಕ್ಸೀರಿ! ಚುಕ್ಕಿ ಚುಕ್ಕಿ ಕೊರದು… ಬಾಳಬೋಧ ಲಿಪಿಯೊಳಗ. “ಚಿ. ಸೌ. ಪಾರ್ವತಿ.” ಪಾರವ್ವ ಅಂದ್ರ ಬ್ಯಾಡಂದ್ಲೇನು? ಪಾರ್ವತಿ ಆಗ್ಯಾಳ! ಆಮ್ಯಾಲೆ…

ಆಮ್ಯಾಲೆ ಏನಿಲ್ಲ.

ಇಲ್ಲಿ ಜಾಗಾ ಬಿಟ್ಟಾರ. ಎರಡೂ ಕಡೆ ಬಳ್ಳಿ ಕೊರದಾರ, ನಡಕ ಒಂದು ಗೇಣು ಜಾಗಾ ನುಣ್ಣಗ ಬಿಟ್ಟಾರ. ವರನ ಹೆಸರು ಬರೂ ಜಾಗಾ.

ಮರತರೇನು? ಕೊರಿಯಾಂವ ಮರತನೇನು? ಅಕ್ಷರ ತಪ್ಪಿತಂತ ನನ್ನ ಕಡೆ ಬರಿಸ್ಕೋಬೇಕಂತ ಇದ್ರೇನು? ‘ಸಿದ್ರಾಮಪ್ಪ’, ದಕ್ಕ ಒತ್ತು ರ, ಅದಕ್ಕ ಮತ್ತ… ಬರಕೊಡ್ತೀನಿ, ಇನ್ನ ಹೊತ್ತದ, ತಾಂಬಟ ಆಳಿಗೆ ಎರಡು ಮಿನಿಟಿನ ದಾರಿ…

ಮಾಮಾ?

ಕಿಟಕಿ ಕಡೆ ಯಾಕ ಮಾರಿ ಮಾಡ್ತೀರಿ?

ಈ ಬಿಂದಿಗಿ ಬಡದಾಗ ನೀವು ಹೊಳ್ಳಿ ನೋಡಲಿಲ್ಲ. ಹೊಸಾ ಶಬ್ದ ಕಲಿಸಿದರ ಮನಷಾ ಒಮ್ಮೆ ‘ಹೌದಾ?’ ಅಂತಾನ. ನೀವು ಅನಲಿಲ್ಲ. ಮೂವತ್ತು ವರ್ಷ… ಮೂವತ್ತು ವರ್ಷ ಈ ಓಣಿಗೆ ಬಂದು, ಒಂದೊಂದ ಕೊಡ ಎತ್ತಿ, ಬೆರಳಿಲೆ ತಟ್ಟಿ, ಕಿವೀಗೆ ಹಿಡಿದು ಆರಿಸಿದವರು ನೀವು. ತಾಂಬಟರು ಒಡದ ಕೊಡಕ್ಕ ಏನಂತಾರಂತ ನಿಮಗ ಗೊತ್ತಿರಾಕಿಲ್ಲಾ? ನಾನು ಪುಸ್ತಕದಾಗ ಹುಡುಕಿದ ಶಬ್ದ ನಿಮ್ಮ ಅಂಗಡಿಯ ಶಬ್ದ!

ಹಂಗಾದರ ಮೆಟ್ಟಲ ಮ್ಯಾಲ ನೀವು ಅಂದದ್ದು ಮಾತಲ್ಲ. ಅದು ಪ್ರಶ್ನೆ. “ಗಟ್ಟಿ ಅಂತ ಅಲ್ಲೇನದು?” ನನ್ನ ಬಾಯಿಂದ ಬರಲಿ ಅಂತ ಕೇಳಿದ್ರಿ. ಸೋಮವಾರದಿಂದ ಇವತ್ತಿನ ತನಕ ಕಾಯ್ದ್ರಿ. ಕೊಡ ಸುದ್ದಾ ಕೊರಸಿದ್ರಿ, ಜಾಗಾ ಬಿಟ್ಟು. ತುಂಬಿದರ ನಾನ ತುಂಬಲಿ ಅಂತ.

ಒಂದು ಮಾತರ ಬೈರಿ ಮಾಮಾ.

ಆತು. ಹೇಳ್ತೀನಿ. ಏಕನಾಥರಾಯರು ಮಹಾಪ್ರಾಣ ಅನಲಿಲ್ಲ. ಮರಾಠಿ ಮಂದಿ ನಮ್ಮಂಗ ಮಹಾಪ್ರಾಣ ನುಂಗೂದಿಲ್ಲ. ಇದ್ದಲ್ಲಿ ಇದ್ದಷ್ಟು ಅಂತಾರ. ಅವರು ‘ಬದ್ದ’ ಅಂದ್ರು. ನಾನು ಸರಿಯಾಗಿ ಕೇಳಿದೆ. ಕೇಳಿದ ಕ್ಷಣಕ್ಕ ನನಗ ಚೀಟಿ ಕಂಡಿತು, ಎರಡನೇ ಅರ್ಥ! ನನ್ನ ಎದಿಯ ಸುದ್ದಿ ಕೇಳಿ ಮೊದಲು ಬಂದ ವಿಚಾರ ಅದು. ಎಂಥಾ ಹುಚ್ಚ ನೋಡ್ರಿ. ಮಂಗಳವಾರ ನಾನೊಬ್ಬನ ಹೋಗಿದ್ದೆ. ತಳೇಗಾಂವದ ಕಡೆ ಹವಾ ಛಲೋ ಅದ, ಅಲ್ಲಿ ಕ್ಷಯದ ದವಾಖಾನಿ ಅದ, ವರ್ಷ ಹಿಡೀಬಹುದು, ಎರಡು ಹಿಡೀಬಹುದು ಅಂದ್ರು. ಲಗ್ನದ ಮಾತು ನಾನ ಕೇಳಿದೆ. ಅವರು ಕನ್ನಡಕ ತಗದು ಒರಸಿಕೊಂಡ್ರು. ಅದಕ್ಕೂ ಆಧಾರ ಬೇಕೇನು?

ಯಾಕ ಮುಚ್ಚಿದಿ ಅಂತ ಕೇಳೂದಿಲ್ಲೇನು ನೀವು?

ಮುಚ್ಚಿದೆ. ಯಾಕಂದ್ರ ಮೆಟ್ಟಲ ಮ್ಯಾಲ ನೀವು ಕೇಳಿದಾಗ ಒಂದು ಬಾಗಿಲ ತೆರೀತು. ‘ದ’ಕ್ಕ ಒಂಚೂರು ಉಸಿರು ಹೆಚ್ಚಿಗಿ ಹಾಕಿದರ ಸಾಕು: ರೋಗ ಇಲ್ಲ, ಲಗ್ನ ಅದ, ಪಾರವ್ವ ಬರ್ತಾಳ, “ಇದಕ್ಕೇನಂತಾರ” ಅಂತ ಕೇಳ್ತಾಳ. ನಾಲ್ಕು ವರ್ಷದಾಗ ಈ ಊರು ನನಗ ಪುಕ್ಕಟ ಏನೂ ಕೊಟ್ಟಿಲ್ಲ. ಒಂದು ಒತ್ತಕ್ಷರ ಕೊಡ್ತು, ತಗೊಂಡೆ. ಉಳಿದವರ ಮಾತಿನಾಗಿನ ತಪ್ಪನ್ನ ಮೂರು ಸರ್ತಿ ತಿದ್ದತೀನಿ ನಾನು. ನನ್ನ ತಪ್ಪನ್ನ ಲಗ್ನಪತ್ರಿಕಿಯೊಳಗ ಅಚ್ಚಿಗೆ ಕಳಿಸಾಕತ್ತಿದ್ದೆ. ನಿಮ್ಮ ಮಗಳ ಹೆಸರಿನ ಬಾಜೂಕ.

ಕೊಡ ಕಟ್ಟತೀನಿ ತಡೀರಿ. ಹಗ್ಗದ ಈ ತುದಿ ಹಿಡೀರಿ. …ಆ ಜಾಗಾ ಹಂಗ ಇರಲಿ ಮಾಮಾ. ಖಾಲಿ ಇರಲಿ. ಊರಿಗೆ ಹೋಗಿ ಅಚ್ಚಿನವನಿಗೆ ಬ್ಯಾಡ ಅನ್ರಿ. ಅವ್ವಗ ನಾನು ಕಾಗದ ಬರೀತೀನಿ. ಪಾರವ್ವಗ… ಪಾರವ್ವಗ ನೀವು ಏನೂ ಕಟ್ಟಿ ಹೇಳಬ್ಯಾಡ್ರಿ. ಶಬ್ದ ಹೇಳ್ರಿ, ಅರ್ಥ ಹೇಳ್ರಿ. ಆಕಿಗೆ ಅಷ್ಟ ಸಾಕು. ಕಾಯ್ತೀನಿ ಅಂದರ… ಬ್ಯಾಡನ್ರಿ. ಅಂದರ, ಬ್ಯಾಡ ಅನ್ರಿ.

ಯಾಕ ಏಳ್ತೀರಿ? ಗಾಡಿ ಇನ್ನ… ಓ. ಪೆನ್ನು ಅಲ್ಲಿ ಅದ, ಮಾಡದಾಗ. ಕೊಡ್ರಿ. ನಿಮಗ ಹೆಂಗ ತಿಳೀತು ಅದ ಬೇಕಂತ?

ಚೀಟಿ ತುಂಬತೀನಿ. ನಾಳೆ ಪಂತರ ಮೇಜಿನ ಮ್ಯಾಲ ಇಟ್ಟು ತಳೇಗಾಂವಕ್ಕ ಹೋಗ್ತೀನಿ. ಓದ್ತೀನಿ, ತಪ್ಪಿದರ ತಡೀರಿ.

“ಎರಡನೆಯ ಅರ್ಥಕ್ಕೆ ಆಧಾರ: ‘ಡಾವೀಕಡೇ ವರ ಬದ್ದ ವಾಜತೇ.’ ಆಡಿದವರು: ಡಾಕ್ಟರ್ ಏಕನಾಥರಾವ್, ಕಸಬಾ ಪೇಟೆ, ಪುಣೆ, ಚೈತ್ರ ಬಹುಳ, ಸೋಮವಾರ. ಎದೆ: ಈ ಚೀಟಿ ಬರೆದವನದು. ‘ದ’ ಅಲ್ಪಪ್ರಾಣ. ಕೇಳಿದವರು: ಸಿದ್ರಾಮಪ್ಪ, ಬಿ.ಎ.; ನಿಜಲಿಂಗಪ್ಪ, ಭಾಂಡೆಯ ವ್ಯಾಪಾರಿ, ಹುಬ್ಬಳ್ಳಿ.

ಇಬ್ಬರಿಗೂ ಆದ ಅರ್ಥ ಒಂದೇ.”